ಗೋಡೆಯ ಕೂಸಿಗೆ ದೃಷ್ಟಿಬೊಟ್ಟು

ನಮ್ಮ ಚಿಗವ್ವನಿಗೆ ಮಕ್ಕಳಿರಲಿಲ್ಲ ಎನ್ನುವವರು ಹುಮನಾಬಾದಿನ ಅವಳ ಮನೆಯ ಗೋಡೆ ನೋಡಿಲ್ಲ! ಹೆದ್ದಾರಿಗೆ ಮುಖ ಮಾಡಿದ ಆ ಸುಣ್ಣದ ಗೋಡೆಯ ಮೇಲೆ ಒಂದು ಕೂಸಿತ್ತು. ಕುಂಬಳಕಾಯಿಯಂಥ ಕೆನ್ನೆ, ಪಕ್ಕದಲ್ಲಿ ಹಾಲಿನ ಪುಡಿಯ ಡಬ್ಬಿ, ಕೆಳಗೆ ದೊಡ್ಡ ಅಕ್ಷರದ ಜಾಹೀರಾತು. ಎಪ್ಪತ್ತರ ದಶಕದಲ್ಲಿ ಯಾವುದೋ ಕಂಪನಿಯ ಪೇಂಟರ್ ಬರೆದು ಹೋದದ್ದು. ಚಿಗವ್ವ ದಿನಾ ಬೆಳಿಗ್ಗೆ ಅದರ ಕೆನ್ನೆಗೆ ಕಾಡಿಗೆಯ ದೃಷ್ಟಿಬೊಟ್ಟು ಇಡುತ್ತಿದ್ದಳು. ಹೋಗಿಬರುವ ಲಾರಿಯವರ ಕಣ್ಣು ತಾಗಬಾರದಲ್ಲ!

ನಗಬೇಡಿ. ಆ ಮನೆಯಲ್ಲಿ ಬಾಣಂತಿಯಾಗಿ ಕೂತಿದ್ದವಳು ನಾನು. ತಾಯಿಯಿಲ್ಲದ ನನ್ನನ್ನು ಬಸವಕಲ್ಯಾಣದ ಗಂಡನ ಮನೆಯಿಂದ ಕರೆತಂದು ಬಾಣಂತನ ಮಾಡುತ್ತಿದ್ದವಳು ಅವ್ವನ ತಂಗಿಯಾದ ಇದೇ ಚಿಗವ್ವ. ನನ್ನ ಮಗಳನ್ನು ಎತ್ತಿಕೊಂಡು ಹೋಗಿ ಗೋಡೆಯ ಕೂಸಿನ ಪಕ್ಕ ಹಿಡಿದು ನೋಡುವಳು.

“ನಿನ್ನ ಹಾಲು ನೀರಾಗ್ಯಾವ ನೋಡವ್ವ. ಅದರ ಮಾರಿ ನೋಡು, ಇದರ ಮಾರಿ ನೋಡು!”

“ಅದು ಬಣ್ಣ ಕುಡದು ಉಬ್ಬೇದ ಚಿಗವ್ವಾ!”

“ತಾಯಿ ಹಾಲಿಗಿಂತ ಚಲೋ ಅಂತ ಬರದದ. ಪೇಂಟರೇ ಓದಿ ಹೇಳ್ಯಾನ. ಇಷ್ಟು ದೊಡ್ಡ ಅಕ್ಷರದಾಗ ಯಾರರ ಸುಳ್ಳು ಬರೀತಾರೇನು?”

ಬರೆಯುತ್ತಾರೆ! ಸುಳ್ಳು ದೊಡ್ಡದಾದಷ್ಟೂ ಅಕ್ಷರ ದೊಡ್ಡದು ಅಂತ ಅವಳಿಗೆ ಹೇಳುವವರು ಯಾರು? ಡಬ್ಬಿ ಬಂತು, ಬಾಟಲಿ ಬಂತು. ಓಣಿಗೆಲ್ಲ ಚಿಗವ್ವ ಆ ಡಬ್ಬಿ ತೋರಿಸಿದ್ದೇ ತೋರಿಸಿದ್ದು. ಇತ್ತ ನನ್ನ ಎದೆ ಬಿಗಿದು ನೋಯುತ್ತಿದ್ದರೆ ಅತ್ತ ಮಗಳ ಬಾಯಲ್ಲಿ ರಬ್ಬರು!

ವಾರದೊಳಗೆ ಮಗಳಿಗೆ ಭೇದಿ ಹತ್ತಿತು. ಕೆನ್ನೆ ಉಬ್ಬುವುದಿರಲಿ, ಕಣ್ಣು ಗುಳಿಬಿದ್ದವು. ಡಾಕ್ಟರು ಬಾಟಲಿ ಕಸಿದಿಟ್ಟು ಗದರಿದರು, “ಎದಿ ಹಾಲು ಇದ್ದೂ ಇದ್ಯಾಕ್ರಿ? ಇನ್ನಷ್ಟು ತಡ ಮಾಡಿದ್ರ ಕೂಸು ಕೈಗೆ ಸಿಗ್ತಿರಲಿಲ್ಲ.”

ಮಗಳು ಮತ್ತೆ ಎದೆಹಾಲಿಗೆ ಬಂದು ಚೇತರಿಸಿಕೊಂಡಳು. ನನ್ನ ಸಿಟ್ಟು ಇಳಿಯಲಿಲ್ಲ. ಆ ಪೇಂಟರ್ ಸಿಕ್ಕಿದ್ದರೆ ಅವನ ಬಣ್ಣವನ್ನು ಅವನಿಗೇ ಬಾಟಲಿಯಲ್ಲಿ ಕುಡಿಸುತ್ತಿದ್ದೆ! ಕೈಗೆ ಸಿಕ್ಕವಳು ಚಿಗವ್ವ.

“ನಿನಗ ನನ್ನ ಮಗಳಿಗಿಂತ ಆ ಗೋಡಿನೇ ಹೆಚ್ಚಾತು. ಅದನ್ನೇ ಜ್ವಾಪಾನ ಮಾಡು, ನಾ ನಾಳಿ ಬಸ್ಸಿಗೆ ಹೊಂಟೆ!” ಎಂದು ಕೂಗಾಡಿದೆ.

ಬೆಳಿಗ್ಗೆ ಬಟ್ಟೆಯ ಗಂಟು ಹಿಡಿದು, ಮಗಳನ್ನು ಎತ್ತಿಕೊಂಡು ಹೊರಬಂದರೆ ಚಿಗವ್ವ ಸ್ಟೂಲಿನ ಮೇಲೆ ನಿಂತು ಗೋಡೆಗೆ ಸಗಣಿ ಬಳಿಯುತ್ತಿದ್ದಳು. ಡಬ್ಬಿ ಹೋಗಿತ್ತು, ಅಕ್ಷರಗಳು ಹೋಗಿದ್ದವು, ಹೊಟ್ಟೆ, ಕೈಕಾಲು ಎಲ್ಲ ಹೋಗಿದ್ದವು. ಮುಖದ ಹತ್ತಿರ ಬಂದಾಗ ಅವಳ ಕೈ ನಿಂತಿತು. ಮೊದಲು ಸೆರಗಿನಿಂದ ದೃಷ್ಟಿಬೊಟ್ಟು ಒರೆಸಿದಳು. ಆಮೇಲೆ ಕಣ್ಣು ಮುಚ್ಚಿಕೊಂಡು ಮುಖಕ್ಕೂ ಬಳಿದಳು.

ಕೆಳಗಿಳಿದು ಕೈ ತೊಳೆದು, ಕಾಡಿಗೆ ಹಿಡಿದು ನನ್ನೆದುರು ನಿಂತಳು.

“ಇದಕ್ಕ... ಹಚ್ಚಲೇನವ್ವ?”

ಗಂಟು ಕೆಳಗಿಟ್ಟೆ. ಮಗಳ ಕೆನ್ನೆಯನ್ನು ಅವಳ ಮುಂದೆ ಹಿಡಿದೆ.