ಬಂಗಾಳಿ ನಾಯಕನೂ ನಮ್ಮ ಮನೆಯ ಹೆಪ್ಪೂ

ಲಾಕ್‌ಡೌನ್ ಕಾಲದ ನಮ್ಮ ಮನೆಯ ಬಗ್ಗೆ ಐರ್ಲೆಂಡಿನ ಅತ್ಲೋನ್ ಊರಿನ ಕನ್ನಡಿಗರ ನಡುವೆ ಒಂದು ಕಥೆ ಓಡಾಡುತ್ತಿದೆ. ಅದನ್ನು ಹೊರಡಿಸಿದವನು ನನ್ನ ಗಂಡ ಪವನ್. ಅವನ ಪ್ರಕಾರ ನಾನು ಒಬ್ಬ ಬಂಗಾಳಿ ಸಿನಿಮಾ ಹೀರೋನ ಮೇಲೆ ಹೊಟ್ಟೆಕಿಚ್ಚುಪಟ್ಟು, ಟಿವಿಗೆ ಅಡ್ಡ ನಿಂತು ಜಗಳ ಆಡಿದೆನಂತೆ. ಈಗ ಯಾರ ಮನೆಗೆ ಊಟಕ್ಕೆ ಹೋದರೂ ಹಪ್ಪಳದ ಜೊತೆಗೆ ಈ ಕಥೆಯನ್ನೂ ಬಡಿಸುತ್ತಾರೆ. ಈ ಕಥೆಗೆ ನನ್ನ ಆಕ್ಷೇಪಣೆ ಇದೆ. ಟಿವಿಗೆ ಅಡ್ಡ ನಿಂತದ್ದು ನಿಜ. ಧ್ವನಿ ಏರಿಸುವುದನ್ನೇ ಜಗಳವೆನ್ನುವುದಾದರೆ ಜಗಳವಾಡಿದ್ದೂ ನಿಜ. ಹೊಟ್ಟೆಕಿಚ್ಚಂತೂ ಇತ್ತು, ಈಗಲೂ ಇದೆ, ಅದನ್ನು ನಾನು ಯಾವತ್ತೂ ಅಲ್ಲಗಳೆದಿಲ್ಲ. ಹಾಗಾದರೆ ಸುಳ್ಳು ಯಾವುದು ತಾಯಿ ಎಂದು ನೀವು ಕೇಳಬಹುದು. ಆ ಕಥೆಯಲ್ಲಿ ಮೊಸರೇ ಇಲ್ಲ! ಮೊಸರನ್ನು ಬಿಟ್ಟು ಈ ಪ್ರಸಂಗವನ್ನು ಹೇಳುವುದೆಂದರೆ ಮದುವೆಯ ವರ್ಣನೆ ಮಾಡುತ್ತಾ ಹೆಣ್ಣು ಯಾರೆಂದು ಹೇಳದೆ ಎದ್ದುಹೋದಂತೆ.

ಮೈಸೂರಿನಲ್ಲಿ ಓದುವಾಗ ನಾನು ಚರ್ಚಾಸ್ಪರ್ಧೆಗಳ ಹುಚ್ಚಿನವಳು. ಪರ್ಯಾಯ ಪಾರಿತೋಷಕವೆಂಬ ಭಾರವಾದ ಹಲಗೆಗಳನ್ನು ಊರೂರಿನಿಂದ ಗೆದ್ದು, ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ತಂದಿದ್ದೇನೆ. ಪರವಾಗಿ ಮಾತಾಡು ಎಂದರೆ ಪರ, ವಿರೋಧ ಎಂದರೆ ವಿರೋಧ. ಊಟದ ವಿರಾಮದ ಮೊದಲು ಮರಣದಂಡನೆಯನ್ನು ಎತ್ತಿಹಿಡಿದು ಊಟವಾದ ಮೇಲೆ ಅದನ್ನೇ ಖಂಡಿಸಿದ್ದೂ ಉಂಟು. ಇದರ ದುಷ್ಪರಿಣಾಮವೇನೆಂದರೆ ಯಾರಾದರೂ ಇವತ್ತು ಚಳಿ ಎಂದರೂ ಯಾವುದಕ್ಕೆ ಹೋಲಿಸಿ ಎಂದು ಕೇಳಬೇಕೆನಿಸುತ್ತದೆ. ಐರ್ಲೆಂಡಿನಲ್ಲಿ ಇಂಥವರಿಗೆ ಬದುಕು ಕಷ್ಟ. ಇಲ್ಲಿಯವರು ಯಾವುದಕ್ಕೂ 'ಗ್ರ್ಯಾಂಡ್' ಎಂದುಬಿಡುತ್ತಾರೆ. ಮನೆ ಸೋರಿದರೂ ಗ್ರ್ಯಾಂಡ್, ಸೋರದಿದ್ದರೂ ಗ್ರ್ಯಾಂಡ್. ಗ್ರ್ಯಾಂಡ್ ಎಂಬುದಕ್ಕೆ ಎದುರುವಾದ ಹೂಡುವುದು ಹೇಗೆಂದು ನನಗೆ ಯಾವ ಕಾಲೇಜೂ ಕಲಿಸಿರಲಿಲ್ಲ.

ನನ್ನ ಅತ್ತೆ ವಿಶಾಲಾಕ್ಷಮ್ಮನವರದ್ದೂ ಒಂದು ಬಗೆಯ ಗ್ರ್ಯಾಂಡೇ. ಒಂದಷ್ಟು ದಿನ ಇದ್ದು ಹೋಗೋಣವೆಂದು ಮೈಸೂರಿನಿಂದ ಬಂದವರು ವಿಮಾನಗಳು ನಿಂತು ಇಲ್ಲೇ ಉಳಿದರು. ವಿಮಾನಗಳು ಒಂದೊಂದಾಗಿ ಶುರುವಾದ ಮೇಲೂ ಪವನ್‌ಗೆ ಅಮ್ಮನನ್ನು ಒಬ್ಬರನ್ನೇ ಕಳಿಸಲು ಧೈರ್ಯ ಬರಲಿಲ್ಲ. ಅತ್ತೆ ವಾದ ಮಾಡುವವರಲ್ಲ. ನಾನು ಕಾರಣಗಳನ್ನು ಕೊಟ್ಟು, ಉದಾಹರಣೆ ಸೇರಿಸಿ, ಉಪಸಂಹಾರಕ್ಕೆ ಬರುವ ಹೊತ್ತಿಗೆ "ನೀನು ಹೇಳೋದು ಸರಿ ಕಣಮ್ಮ" ಎಂದು ಒಪ್ಪಿಕೊಂಡು, ತಮಗೆ ಬೇಕಾದ್ದನ್ನೇ ಮಾಡುತ್ತಾರೆ. ಇಂಥವರ ಎದುರು ಗೆಲುವಿಗೂ ಸೋಲಿಗೂ ವ್ಯತ್ಯಾಸವಿಲ್ಲ. ಆದರೂ, ಅಥವಾ ಅದಕ್ಕೇ ಇರಬೇಕು, ಅವರ ಬಾಯಲ್ಲಿ ಒಂದು ಸಲ 'ಸಿಂಧು ಹೇಳಿದ್ರೆ ಅದು ನಿಜಾನೇ' ಎಂಬ ಮಾತು ಕೇಳಬೇಕೆಂದು ನನಗೆ ಬಲು ಆಸೆ.

ಅತ್ತೆ ಬಂದ ಹೊಸದರಲ್ಲಿ ಸೂಪರ್‌ಮಾರ್ಕೆಟ್ಟಿನ ಯೋಗರ್ಟನ್ನು ಒಂದು ಚಮಚ ಬಾಯಿಗಿಟ್ಟು, "ಇದು ಮೊಸರಲ್ಲ, ಮೊಸರಿನ ವೇಷ" ಎಂದು ಪಕ್ಕಕ್ಕೆ ಸರಿಸಿದರು. ಒಣಮೆಣಸಿನಕಾಯಿಯ ತೊಟ್ಟುಗಳನ್ನು ಬೆಚ್ಚನೆ ಹಾಲಿಗೆ ಹಾಕಿ, ಅದು ಕೈಕೊಟ್ಟು, ಮತ್ತೆ ಹಾಕಿ, ಕೊನೆಗೂ ಒಂದು ಹೆಪ್ಪನ್ನು ಹುಟ್ಟಿಸಿದರು. ಅಂದಿನಿಂದ ದಿನಾ ಒಂದು ಚಮಚ ಮೊಸರನ್ನು ಪುಟ್ಟ ಸ್ಟೀಲ್ ಬಟ್ಟಲಿನಲ್ಲಿ ಎತ್ತಿಡುವುದು, ಅದರಿಂದ ಮರುದಿನದ ಮೊಸರು. ಇಲ್ಲಿನ ಮನೆಗಳಲ್ಲಿ ಬಿಸಿನೀರಿನ ಟ್ಯಾಂಕ್ ಇರುವ ಒಂದು ಬೀರು ಇರುತ್ತದೆ, ಹಾಟ್ ಪ್ರೆಸ್ ಎನ್ನುತ್ತಾರೆ. ಐರಿಷ್ ಜನ ಅದರಲ್ಲಿ ಟವೆಲ್ ಒಣಗಿಸುತ್ತಾರೆ. ಅತ್ತೆ ಟವೆಲ್ಲುಗಳನ್ನು ಹೊರಗೆ ಹಾಕಿ, ಪಾತ್ರೆಗೆ ಪವನ್‌ನ ಉಣ್ಣೆ ಟೋಪಿ ತೊಡಿಸಿ ಅಲ್ಲಿ ಕೂರಿಸುತ್ತಿದ್ದರು. ಅವನು ಬರಿತಲೆಯಲ್ಲಿ ವಾಕಿಂಗ್ ಹೋಗುತ್ತಿದ್ದ.

ನಮ್ಮ ಮೇಲಿನ ಫ್ಲಾಟಿನಲ್ಲಿದ್ದವಳು ಮಿತಾಲಿ, ಕೋಲ್ಕತ್ತಾದ ಹುಡುಗಿ. ಒಂಟಿಯಾಗಿರುವವರು ಇನ್ನೊಂದು ಮನೆಯ ಜೊತೆ ಸೇರಿ 'ಬಬಲ್' ಮಾಡಿಕೊಳ್ಳಬಹುದೆಂದು ಸರ್ಕಾರ ಹೇಳಿದ ದಿನವೇ ಅತ್ತೆ ಅವಳನ್ನು ಬಬಲ್‌ಗೆ ಸೇರಿಸಿಕೊಂಡರು. ನನ್ನನ್ನು ಸೊಸೆ ಮಾಡಿಕೊಳ್ಳುವ ಮುಂಚೆ ಜಾತಕ ಕೇಳಿದ್ದವರು ಇವಳ ವಿಷಯದಲ್ಲಿ ಏನನ್ನೂ ಕೇಳಲಿಲ್ಲ. ಮಿತಾಲಿ ಬೆಂಗಳೂರಿನಲ್ಲಿ ಕೆಲಸ ಮಾಡಿದ್ದರಿಂದ ಅಲ್ಪಸ್ವಲ್ಪ ಕನ್ನಡ ಬಲ್ಲಳು. ಅವಳು "ಆಂಟಿ, ನಿಮ್ಮ ಸಾರು ಸಕ್ಕತ್ತಾಗೈತೆ" ಎಂದರೆ ಅತ್ತೆಯ ಮುಖ ಅರಳುತ್ತಿತ್ತು. ನಾನು ಹುಟ್ಟಿದಾಗಿನಿಂದ ಕನ್ನಡವನ್ನೇ ಆಡುತ್ತಿದ್ದೇನೆ. ಅದಕ್ಕಾಗಿ ಯಾರೂ ನನ್ನ ಗಲ್ಲ ಹಿಡಿದು ಮುದ್ದು ಮಾಡಿಲ್ಲ.

ಒಂದು ಭಾನುವಾರ ಮಧ್ಯಾಹ್ನ ಮಿತಾಲಿ ಒಂದು ಬಂಗಾಳಿ ಸಿನಿಮಾ ತಂದಳು. ನದಿಯಲ್ಲಿ ಲಾಂಚ್ ಓಡಿಸುವ ನಾಯಕ. ಲಾಂಚಿಗೆ ಬೆಂಕಿ ಬೀಳುತ್ತದೆ. ಹಚ್ಚಿದವನು ಮಾಲೀಕ, ಅಪವಾದ ನಾಯಕನ ಮೇಲೆ. ಊರು ಅವನನ್ನು ಹೊರಹಾಕುತ್ತದೆ. ಅವನು ಗಡ್ಡ ಬಿಟ್ಟುಕೊಂಡು ತಿರುಗಿ ಬಂದು, ಮೀನಿನ ಮಾರುಕಟ್ಟೆಯಲ್ಲಿ ಗೂಂಡಾಗಳನ್ನು ದೊಡ್ಡ ದೊಡ್ಡ ಮೀನುಗಳಿಂದಲೇ ಬಾರಿಸುತ್ತಾ, ಕಳೆದುಹೋದ ಮಾನವನ್ನು ಮತ್ತೆ ಗಳಿಸಿಕೊಳ್ಳಲು ಹೊರಡುತ್ತಾನೆ. ಕಟ್ಟಾ ಸಸ್ಯಾಹಾರಿಯಾದ ಅತ್ತೆ ಮೀನು ಹಾರಿದಾಗೆಲ್ಲ ಕಾಲು ಮೇಲೆತ್ತಿಕೊಂಡರೇ ಹೊರತು ಕಣ್ಣು ಮುಚ್ಚಲಿಲ್ಲ. ಪಕ್ಕದಲ್ಲಿ ಕೂತು ಮಿತಾಲಿ "ಆಂಟಿ, ಅವನು ಏನೂ ಮಾಡಿಲ್ಲ, ಪಾಪ" ಎಂದು ಅನುವಾದಿಸುತ್ತಿದ್ದಳು. ನಾನು ಸುಮ್ಮನಿರಬೇಕಿತ್ತು. "ಏನೂ ಮಾಡದಿದ್ದವನು ಪ್ರಾಯಶ್ಚಿತ್ತ ಯಾಕೆ ಮಾಡ್ಕೋಬೇಕು? ಕೋರ್ಟಿಗೆ ಹೋಗ್ಲಿ" ಎಂದೆ. ಅತ್ತೆ ಕಣ್ಣು ಕೀಳದೆ, "ನೀನು ಸ್ವಲ್ಪ ಸುಮ್ನಿರು ಸಿಂಧು, ಅವನೇ ನೊಂದಿದಾನೆ" ಎಂದರು. ಮಧ್ಯಂತರಕ್ಕೆ ಮಿತಾಲಿ ಎಲ್ಲರಿಗೂ ಟೀ ಮಾಡಿದಳು. ಅಷ್ಟರಲ್ಲಿ ಅವಳಿಗೆ ಮನೆಯಿಂದ ಫೋನ್ ಬಂತು. ಉಳಿದರ್ಧ ಮುಂದಿನ ಭಾನುವಾರಕ್ಕೆ ಹೋಯಿತು.

ಅವತ್ತೇ ಸಂಜೆ ಹಾಲಿಗೆ ಹೆಪ್ಪು ಹಾಕಲು ಹೋದ ಅತ್ತೆ ಅಡುಗೆಮನೆಯಿಂದ ಕೂಗಿದರು. ಬಟ್ಟಲು ತೊಳೆದು ಬೋರಲು ಹಾಕಿತ್ತು. ಹೆಪ್ಪು ಇಲ್ಲ, ಆ ದಿನದ ಮೊಸರು ಮಧ್ಯಾಹ್ನದ ಊಟಕ್ಕೇ ಮುಗಿದಿತ್ತು.

"ತಿಂದ್ಯಾ?" ಎಂದರು ನನ್ನನ್ನು ನೋಡಿ. ಪೀಠಿಕೆಯಿಲ್ಲ, ವಿಚಾರಣೆಯಿಲ್ಲ. ನಾನು ಮೊಸರನ್ನದ ಪಾತ್ರೆಯ ತಳ ಕೆರೆಯುವವಳೆಂಬ ಖ್ಯಾತಿಯೇ ಸಾಕ್ಷಿಯಾಯಿತು. ನಾನು ತರ್ಕ ಶುರು ಮಾಡಿದೆ. ತಿಂದವಳು ನಾನಾಗಿದ್ದರೆ ಬಟ್ಟಲು ತೊಳೆದಿರುತ್ತಿರಲಿಲ್ಲ, ಇದು ಇಡೀ ಮನೆಗೆ ಗೊತ್ತಿರುವ ಸತ್ಯ. ಪವನ್ ಕೂಡ ತಲೆಯಾಡಿಸಿದ. ಜೊತೆಗೆ, ಅಡುಗೆಮನೆಗೆ ಹೋದವಳು ನಾನೊಬ್ಬಳೇ ಅಲ್ಲ, ಮಿತಾಲಿಯೂ ಹೋಗಿದ್ದಳು ಎಂದೆ.

"ಛೆ! ಟೀ ಮಾಡಿಕೊಟ್ಟಿದ್ದಕ್ಕೆ ಆ ಮಗು ಮೇಲೆ ಹಾಕ್ತೀಯಾ?" ಎಂದರು ಅತ್ತೆ.

"ಹಾಕ್ತಿಲ್ಲ ಅತ್ತೆ. ಸಾಧ್ಯತೆ ಹೇಳ್ತಿದೀನಿ."

"ನಿನ್ನ ವಾದ ಎಲ್ಲಾ ಸರಿ ಕಣಮ್ಮ. ಮೊಸರೆಲ್ಲಿ?"

ನಾನು ಕಂಡ ಯಾವ ತೀರ್ಪುಗಾರನೂ ಇಷ್ಟು ಚುಟುಕಾಗಿ ನನ್ನನ್ನು ಸೋಲಿಸಿರಲಿಲ್ಲ. ಬೇರೆ ಮನೆಯಿಂದ ಹೆಪ್ಪು ತರೋಣವೆಂದರೆ ಹತ್ತಿರದ ಕನ್ನಡದ ಮನೆ ಲಾಕ್‌ಡೌನಿನ ಐದು ಕಿಲೋಮೀಟರ್ ಓಡಾಟದ ಮಿತಿಯ ಆಚೆಗಿತ್ತು. ದಾರಿಯಲ್ಲಿ ಗಾರ್ಡಾ ಪೊಲೀಸರು ತಡೆದು ಅಗತ್ಯದ ಪ್ರಯಾಣವೇ ಎಂದು ಕೇಳಿದರೆ, ಒಂದು ಚಮಚ ಮೊಸರಿಗೆ ಎಂದು ಹೇಳುವ ಎದೆಗಾರಿಕೆ ಪವನ್‌ಗಿರಲಿಲ್ಲ. ಹಾಗಾಗಿ ಮತ್ತೆ ಮೆಣಸಿನಕಾಯಿ ತೊಟ್ಟೇ ಗತಿ. ಅತ್ತೆ ಬೈಯಲಿಲ್ಲ, ಬೈದಿದ್ದರೆ ಉತ್ತರ ಕೊಡಬಹುದಿತ್ತು. ಊಟದ ಕೊನೆಯಲ್ಲಿ ಮಾತ್ರ, ಅನ್ನದ ಮುಂದೆ ಒಂದು ಕ್ಷಣ ಕೈ ನಿಲ್ಲಿಸಿ, "ಇರಲಿ, ತಿಳಿಸಾರಲ್ಲೇ ಮುಗಿಸೋಣ" ಎನ್ನುತ್ತಿದ್ದರು. ಅದನ್ನು ಕೇಳಲಾರದೆ ನಾನು ಮೀಟಿಂಗುಗಳ ನಡುವೆ ಕ್ಯಾಮೆರಾ ಆರಿಸಿ ಮೆಣಸಿನಕಾಯಿಯ ತೊಟ್ಟು ಬಿಡಿಸಿದೆ, ಹಾಲು ಬೆಚ್ಚಗಿದೆಯೇ ಎಂದು ಬೆರಳಿಟ್ಟು ನೋಡಿದೆ, ಹಾಟ್ ಪ್ರೆಸ್ಸಿನ ಬಾಗಿಲು ತೆರೆದು ಹಸುಗೂಸನ್ನು ನೋಡುವಂತೆ ಇಣುಕಿದೆ. ಒಂದು ಸಲ ಹೀಗೆ ಇಣುಕುತ್ತಿರುವಾಗ ಹೊಳೆಯಿತು: ತಪ್ಪು ಮಾಡದವನಿಗೆ ಪ್ರಾಯಶ್ಚಿತ್ತ ಯಾಕೆ ಎಂದು ಕೇಳಿದವಳು ಇಲ್ಲಿ ಮಾಡುತ್ತಿರುವುದೇನು? ಆ ಗಡ್ಡದವನಿಗಾದರೂ ಹಿನ್ನೆಲೆ ಸಂಗೀತ ಇತ್ತು. ಹೊಡೆಯಲು ಮೀನಿತ್ತು.

ಆಗಲೇ ಅವನ ಮೇಲೆ ನನಗೆ ನಿಜವಾದ ಹೊಟ್ಟೆಕಿಚ್ಚು ಹುಟ್ಟಿದ್ದು. ಅತ್ತೆ ಅವನನ್ನು ಕಂಡದ್ದು ಒಂದು ಮಧ್ಯಾಹ್ನ, ಅದೂ ಅರ್ಧ ಸಿನಿಮಾ. ಅವನ ಭಾಷೆ ಅವರಿಗೆ ಬರುವುದಿಲ್ಲ. ಆದರೂ ಪಾತ್ರೆ ತೊಳೆಯುತ್ತಾ, "ಆ ಹುಡುಗನ ಗತಿ ಏನಾಯ್ತೋ" ಎಂದು ಚಿಂತಿಸುತ್ತಿದ್ದರು. ಪಕ್ಕದಲ್ಲೇ ಪಾತ್ರೆ ಒರೆಸುತ್ತಿದ್ದ ನನ್ನ ಗತಿ ಯಾರಿಗೂ ಕುತೂಹಲ ಹುಟ್ಟಿಸಲಿಲ್ಲ.

ಮುಂದಿನ ಭಾನುವಾರ ಉಳಿದರ್ಧ. ನಾಯಕ ಮಾಲೀಕನನ್ನು ನದಿಗೆ ಎಸೆದು, ಮುಳುಗುತ್ತಿದ್ದ ಅವನನ್ನು ತಾನೇ ಎತ್ತಿ ತಂದು, ಸತ್ಯ ಬಾಯಿಬಿಡಿಸಿದ. ಊರಿನ ಮುದುಕಿಯೊಬ್ಬಳು ಅವನ ಕೆನ್ನೆ ಸವರಿ ಏನೋ ಅಂದಳು. "ನನಗೆ ಮೊದಲಿಂದ ಗೊತ್ತಿತ್ತು ಅಂತಾಳೆ" ಎಂದಳು ಮಿತಾಲಿ. ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡು, "ಪಾಪ, ಎಷ್ಟು ಗೋಳು ಹೊಯ್ಕೊಂಡ್ರು ಆ ಮಗೂನ" ಎಂದರು. ನನಗೆ ತಡೆಯಲಾಗಲಿಲ್ಲ. ಎದ್ದು ಟಿವಿಯ ಮುಂದೆ ನಿಂತೆ.

"ಅತ್ತೆ, ಸತ್ಯ ಈಗ ತಾನೇ ಹೊರಗೆ ಬಂತು. ಹೋದ ವಾರವೇ ಇವನು ಒಳ್ಳೆಯವನು ಅಂತ ನಿಮಗೆ ಹೇಗೆ ಗೊತ್ತಾಯ್ತು? ಸಾಕ್ಷಿ ಏನಿತ್ತು?"

"ಸಾಕ್ಷಿ ಯಾಕಮ್ಮ? ಮುಖ ನೋಡಿದ್ರೆ ಗೊತ್ತಾಗಲ್ವಾ?"

"ಹಾಗಿದ್ರೆ ನನ್ನ ಮುಖಾನೂ ಸ್ವಲ್ಪ ನೋಡಿ!"

"ಅಡ್ಡ ನಿಂತಿದೀಯಲ್ಲ, ಇನ್ನೇನು ನೋಡ್ಲಿ?"

ಪವನ್ ಹೇಳುವ ಕಥೆ ಇಲ್ಲಿಗೆ ಮುಗಿಯುತ್ತದೆ. ಜನ ನಗುತ್ತಾರೆ. ಆದರೆ ಆಮೇಲೆ ನಡೆದದ್ದನ್ನು ಕೇಳಿ. ಮಿತಾಲಿ ತನ್ನ ಚೀಲದಿಂದ ಒಂದು ಗಾಜಿನ ಡಬ್ಬಿ ತೆಗೆದಳು. ಒಳಗೆ ಬೆಲ್ಲದ ಬಣ್ಣದ, ಚಾಕುವಿನಿಂದ ಕತ್ತರಿಸಬಹುದಾದಷ್ಟು ಗಟ್ಟಿಯಾದ ಬಂಗಾಳಿ ಸಿಹಿ ಮೊಸರು. "ಆಂಟಿಗೆ ಸರ್ಪ್ರೈಸ್" ಎಂದಳು. ಅತ್ತೆ ಚಮಚ ಬಾಯಿಗಿಟ್ಟು ಕಣ್ಣು ಮುಚ್ಚಿದರು. "ಆಹಾ, ಎಷ್ಟು ಚೆನ್ನಾಗಿ ಹೆಪ್ಪುಗಟ್ಟಿದೆ! ಇದಕ್ಕೆ ಹೆಪ್ಪೆಲ್ಲಿತ್ತು ನಿನಗೆ?"

"ಇಲ್ಲೇ ಆಂಟಿ. ಹೋದ ಸಂಡೇ ಟೀ ಮಾಡೋವಾಗ ಬಟ್ಟಲಲ್ಲಿ ಸ್ವಲ್ಪ ಇತ್ತು. ನಾನು ಎಲ್ಲಾ ತಗೊಂಡು ಬಟ್ಟಲು ತೊಳೆದಿಟ್ಟೆ. ಕೇಳಿಲ್ಲ... ಸಾರಿ. ತಪ್ಪಾಯ್ತಾ?"

ನಾನು ಇನ್ನೂ ಟಿವಿಯ ಮುಂದೆಯೇ ನಿಂತಿದ್ದೆ, ಹಿಂದೆ ವಿಜಯದ ಹಾಡು ನಡೆಯುತ್ತಿತ್ತು, ಇದಕ್ಕಿಂತ ಒಳ್ಳೆಯ ರಂಗಸಜ್ಜಿಕೆ ಯಾವ ನಿರ್ದೋಷಿಗೂ ಸಿಕ್ಕಿರಲಾರದು. ಅತ್ತೆ ಎದ್ದರು. ಕೈ ಚಾಚಿದರು. ನನ್ನ ಕೆನ್ನೆ ಅದಕ್ಕೆ ಸಿದ್ಧವಾಗಿಯೇ ಇತ್ತು. ಕೈ ಹೋದದ್ದು ಮಿತಾಲಿಯ ಕೆನ್ನೆಗೆ.

"ಅಯ್ಯೋ ಹುಚ್ಚು ಹುಡುಗಿ, ಒಂದು ಚಮಚ ಮೊಸರಿಗೆ ಯಾರಾದ್ರೂ ಸಾರಿ ಕೇಳ್ತಾರಾ?"

ಒಂದು ವಾರ ನನ್ನನ್ನು ಕಟಕಟೆಯಲ್ಲಿ ನಿಲ್ಲಿಸಿದ್ದ ಅಪರಾಧ, ಅಪರಾಧಿ ಸಿಕ್ಕ ತಕ್ಷಣ ಅಪರಾಧವೇ ಆಗಿ ಉಳಿಯಲಿಲ್ಲ! ಮಿತಾಲಿ ಮೇಲಕ್ಕೆ ಹೋದ ಮೇಲೆ ಪವನ್ ಸಮಾಧಾನ ಹೇಳಿದ: "ಅಮ್ಮ ಹೊರಗಿನವರನ್ನ ಏನೂ ಅನ್ನಲ್ಲ ಕಣೇ. ನಿನ್ನನ್ನ ಅಂದ್ರು ಅಂದ್ರೆ ನೀನು ಮನೆಯವಳು ಅಂತ." ಇಂಥ ವಾದವನ್ನು ನಾನು ಯಾವುದೇ ಸ್ಪರ್ಧೆಯ ಮೊದಲ ಸುತ್ತಿನಲ್ಲೇ ಹರಿದುಹಾಕುತ್ತಿದ್ದೆ. ಮನೆಯವಳೆಂಬುದು ಪದವಿಯಾದರೆ ಅದಕ್ಕೆ ಸಿಗುವ ಗೌರವ ಇದೇನಾ? ಅದು ಶಿಕ್ಷೆಯಾದರೆ ನಾನು ಮಾಡಿದ ತಪ್ಪೇನು? ಎರಡು ಅಂಶಗಳೂ ಸಿದ್ಧವಾಗಿದ್ದವು. ಆದರೆ ಅಡುಗೆಮನೆಗೆ ಹೋದಾಗ ಅತ್ತೆ ಆ ಗಾಜಿನ ಡಬ್ಬಿಯ ತಳದಲ್ಲಿ ಉಳಿದ ಸಿಹಿ ಮೊಸರನ್ನು, ಕೇಳದೆಯೇ, ನನಗೆಂದು ಒಂದು ಲೋಟಕ್ಕೆ ಬಳಿದು ಹಾಕುತ್ತಿದ್ದರು. ತಳ ಕೆರೆಯುವವಳಿಗೆ ತಳ. ಮೆತ್ತಗೆ ಹತ್ತಿರ ನಿಂತು, ಪಕ್ಷ ವಿಪಕ್ಷ ಎರಡನ್ನೂ ಬಿಟ್ಟು, ಕೇಳಿದೆ:

"ಅತ್ತೆ, ಬರೋ ಭಾನುವಾರ ಒಂದು ದಿನದ ಮಟ್ಟಿಗೆ ನನ್ನನ್ನ ಹೊರಗಿನವಳು ಅಂದ್ಕೊಳ್ತೀರಾ?"