ಅಲ್ಲಾಡದ ಒಕ್ಕಣೆ

ಫೋಟೋದ ವಿಷಯದಲ್ಲಿ ನಮ್ಮ ಅರಿಶಿನಕುಂಟೆಯಲ್ಲಿ ನನ್ನಷ್ಟು ತಿಳಿದವರು ಯಾರೂ ಇರಲಿಲ್ಲ. ಏಕೆಂದರೆ ಊರಿನಲ್ಲಿ ಫೋಟೋ ತೆಗೆಸಿಕೊಂಡಿದ್ದವರು ನಾನು ಮತ್ತು ನನ್ನ ಹೆಂಡತಿ ಸಾವಿತ್ರಿ ಮಾತ್ರ! ಮದುವೆಯ ಹೊಸದರಲ್ಲಿ ಬೆಂಗಳೂರಿನಲ್ಲಿ ತೆಗೆಸಿದ್ದು. ಅಲ್ಲಾಡಬೇಡಿ ಎಂದಿದ್ದರೂ ನಾನು ತಲೆ ತಿರುಗಿಸಿದೆ. ಅದರಲ್ಲಿ ಸಾವಿತ್ರಿಯ ಪಕ್ಕ ಒಂದು ಪೇಟವಿದೆ, ಅದರ ಕೆಳಗೆ ಮುಖವಿರಬೇಕಾದಲ್ಲಿ ಬರೀ ಮಂಜು. ಕಲಿತ ಪಾಠ ಮರೆಯುವ ಮೇಷ್ಟ್ರು ನಾನಲ್ಲ.

ಎರಡನೇ ಮಹಾಯುದ್ಧ ಮುಗಿದ ವರ್ಷ ನನ್ನ ಸಹಪಾಠಿ ಸೀತಾಪತಿಯ ಕಾಗದ ಬಂತು. ಅವನು ಬೊಂಬಾಯಿಯಲ್ಲಿ ಕ್ಯಾಮೆರಾ ಕೆಲಸ ಕಲಿತು, ಕಥೆಯಿಲ್ಲದ, ಹಾಡಿಲ್ಲದ, ಇದ್ದದ್ದನ್ನು ಇದ್ದಂತೆ ತೋರಿಸುವ ಚಿತ್ರ ತೆಗೆಯಲು ಹೊರಟಿದ್ದ. ‘ನಿಮ್ಮೂರ ರಾಗಿ ಒಕ್ಕಣೆ ತೆಗೆಯಬೇಕು. ಫಿಲಂ ಸಿಗುವುದೇ ಕಷ್ಟ, ಇರುವುದು ಒಂದೇ ಡಬ್ಬಿ. ಇದು ಕೆಟ್ಟರೆ ಮತ್ತೆ ನನಗೆ ಯಾರೂ ಕ್ಯಾಮೆರಾ ಕೊಡುವುದಿಲ್ಲ. ಜನರನ್ನು ಸಿದ್ಧಪಡಿಸು’ ಎಂದು ಬರೆದಿದ್ದ.

ಸಿದ್ಧಪಡಿಸಿದೆ! ಮೂರು ದಿನ ಶಾಲೆ ಬಿಟ್ಟ ಮೇಲೆ ರೈತ ಮುನಿಶಾಮಪ್ಪನವರ ಕಣದಲ್ಲಿ ತರಬೇತಿ. ಯಂತ್ರದ ಸದ್ದು ಕೇಳಿದ ತಕ್ಷಣ ಎಲ್ಲರೂ ಕಲ್ಲಾಗಬೇಕು.

“ಮೇಷ್ಟ್ರೇ, ಎತ್ತುಗೋಳು ಮಾತ್ ಕೇಳಲ್ವಲ್ಲ?”

“ಮೂಗುದಾರ ಗಟ್ಟಿಯಾಗಿ ಹಿಡ್ಕೊಳ್ಳಿ.”

“ಮುಖದ್ ಮೇಲೆ ನೊಣ ಕೂತ್ರೆ?”

“ಕೂತ್ಕೊಳ್ಲಿ! ಅದೂ ಫೋಟೋದಲ್ಲಿ ಬರ್ಲಿ!”

ಸಾವಿತ್ರಿಗೆ ಮಾತ್ರ ಅನುಮಾನ. “ಏನ್ರೀ, ಸಿನಿಮಾದಲ್ಲಿ ಜನ ಓಡಾಡ್ತಾರಲ್ವಾ?”

“ಅದು ಆಮೇಲೆ ಕಣೇ. ಯಂತ್ರದಲ್ಲಿ ಹಾಕಿ ಓಡಾಡಿಸ್ತಾರೆ!”

ಸೀತಾಪತಿ ಬಂದ. ನಾನು ಶಾನುಭೋಗರ ಕೋಟನ್ನು ಎರವಲು ತಂದು ತೊಟ್ಟು ನಿಂತಿದ್ದೆ. ಅವನು ಕೋಟನ್ನೂ ನೋಡಲಿಲ್ಲ, ನನ್ನನ್ನೂ ನೋಡಲಿಲ್ಲ. ಕಣದ ಅಂಚಿನಲ್ಲಿ ಕುಕ್ಕರುಗಾಲಲ್ಲಿ ಕುಳಿತು, ಬಿಸಿಲು ಓರೆಯಾಗುವವರೆಗೆ ಕಾದ. ತೂರುವ ಹೊಟ್ಟನ್ನು ದೇವರ ಮಂಗಳಾರತಿಯನ್ನು ನೋಡುವಂತೆ ನೋಡಿದ. ನಾನು ಹುಟ್ಟಿದಾಗಿನಿಂದ ಆ ಹೊಟ್ಟಿಗೆ ಸೀನುವುದೊಂದನ್ನೇ ಮಾಡಿದ್ದೆ! ಕೊನೆಗೆ ಎದ್ದು, ಕ್ಯಾಮೆರಾಕ್ಕೆ ಕೀಲಿ ಕೊಟ್ಟ.

ಕರ್ರ್ ಎಂದಿತು. ಊರು ಕಲ್ಲಾಯಿತು. ಎತ್ತಿದ ಮೊರ ಎತ್ತಿದಂತೆಯೇ ನಿಂತಿತು.

“ಲೇ, ಯಾಕೋ ಎಲ್ಲಾ ಹೀಗ್ ನಿಂತ್ಬಿಟ್ರು?”

“ತರಬೇತಿ ಕಣೋ!” ಎಂದೆ, ಎದೆಯುಬ್ಬಿಸಿ.

ಅವನು ಬೈಯಲಿಲ್ಲ. “ಅವ್ರು ಅಲ್ಲಾಡ್ಲಿ ಅಂತಾನೇ ಕಣೋ ನಾನ್ ಬಂದಿರೋದು. ಅರ್ಧ ಡಬ್ಬಿ ಹೋಯ್ತು” ಎಂದ, ಮೆಲ್ಲಗೆ. ಬೈದಿದ್ದರೆ ಚೆನ್ನಾಗಿತ್ತು. ಗೆಳೆಯನ ಬಾಳನ್ನೇ ಹಾಳುಮಾಡಿದೆನಲ್ಲ ಎಂದುಕೊಂಡೆ. ಕಣದೊಳಕ್ಕೆ ಓಡಿ, ಕೋಟಿನ ತೋಳು ಎತ್ತಿನ ಕೊಂಬಿಗೆ ಸಿಕ್ಕಿ ಹರಿದದ್ದನ್ನೂ ನೋಡದೆ, “ಅಲ್ಲಾಡ್ರಪ್ಪಾ, ಅಲ್ಲಾಡಿ!” ಎಂದು ಕೂಗಿದೆ.

ಮುನಿಶಾಮಪ್ಪನವರು ತುಟಿ ಅಲ್ಲಾಡಿಸದೆ ಹೇಳಿದರು: “ಮೇಷ್ಟ್ರು ಪರೀಕ್ಷೆ ಮಾಡ್ತಾವ್ರೆ. ಯಾರೂ ಮೋಸ ಹೋಗ್ಬ್ಯಾಡಿ!”

ಆಗ ಸೀತಾಪತಿ ಕ್ಯಾಮೆರಾ ನಿಲ್ಲಿಸಿ ಕೈಮುಗಿದ. “ಮುಗೀತು! ಬಹಳ ಚೆನ್ನಾಗ್ ಬಂತು!” ಎಂದು ಹೇಳಿ, ಕ್ಯಾಮೆರಾ ಹೊತ್ತುಕೊಂಡು ಹುಲ್ಲಿನ ಮೆದೆಯ ಹಿಂದಕ್ಕೆ ಹೋದ. ಊರು ಉಸಿರು ಬಿಟ್ಟಿತು. ಮೊರಗಳು ಇಳಿದವು, ಎತ್ತುಗಳು ತಿರುಗಿದವು, ನಗು ಮಾತು ಶುರುವಾದವು. ಆ ಗದ್ದಲದಲ್ಲಿ ಮೆದೆಯ ಹಿಂದೆ ಉಳಿದರ್ಧ ಡಬ್ಬಿ ಓಡುತ್ತಿದ್ದುದು ನನಗೂ ಗೊತ್ತಾಗಲಿಲ್ಲ.

ಗೊತ್ತಾದದ್ದು ಕೆಲವು ತಿಂಗಳ ಮೇಲೆ, ನೆಲಮಂಗಲದ ಸಿನಿಮಾ ಟೆಂಟಿನಲ್ಲಿ. ಊರಿಗೆ ಊರೇ ಗಾಡಿ ಕಟ್ಟಿಕೊಂಡು ಹೋಗಿತ್ತು. ಪರದೆಯ ಮೇಲೆ ಹೊಟ್ಟು ಬೆಳಗುತ್ತಾ ಹಾರಿತು. ಮುನಿಶಾಮಪ್ಪನವರ ಎರಡು ಕೈಗಳು ದೊಡ್ಡದಾಗಿ ಬಂದವು. ಅವರು ಕಣ್ಣೊರೆಸಿಕೊಂಡು, “ದಿನಾ ನಾನು ಇಷ್ಟ್ ಚೆಂದಾಗ್ ತೂರ್ತೀನಾ?” ಎಂದರು. ಮುಂದೆ ಸೀತಾಪತಿ ಎಷ್ಟೋ ನದಿ, ಬೆಟ್ಟ, ಊರುಗಳ ಚಿತ್ರ ತೆಗೆದು ದೊಡ್ಡ ಹೆಸರು ಮಾಡಿದ. ಆದರೆ ಅವನು ಎಂಥ ದೊಡ್ಡವನೆಂದು ನನಗೆ ತಿಳಿದದ್ದು ಮುನಿಶಾಮಪ್ಪನವರ ಆ ಒಂದು ಮಾತಿನಿಂದ. ನನ್ನ ಕಣ್ಣೂ ತುಂಬಿ ಬಂತು.

ಅಷ್ಟರಲ್ಲಿ ಪರದೆಯ ಮೂಲೆಯಲ್ಲಿ ಸಾವಿತ್ರಿ ಕಾಣಿಸಿಕೊಂಡಳು. ಒಂದು ಕೈಯಲ್ಲಿ ಶಾನುಭೋಗರ ಕೋಟಿನ ಹರಿದ ತೋಳು, ಇನ್ನೊಂದು ಕೈಯ ಬೆರಳು ಯಾರದೋ ಮೂಗಿನ ನೇರಕ್ಕೆ. ಮೂಗು ನನ್ನದು! ಟೆಂಟು ಹಾರಿಹೋಗುವಂತೆ ಜನ ನಕ್ಕರು.

“ಮೇಷ್ಟ್ರೇ, ಎಲ್ರೂ ಅಲ್ಲಾಡ್ತಾವ್ರೆ, ನೀವೊಬ್ರೇ ಕಲ್ಲಾಗ್ಬಿಟ್ಟಿದ್ದೀರಲ್ಲ!” ಎಂದರು ಮುನಿಶಾಮಪ್ಪನವರು.

ನಿಜ. ಆ ಇಡೀ ಚಿತ್ರದಲ್ಲಿ ನನ್ನ ತರಬೇತಿ ಫಲಿಸಿದ್ದು ಒಬ್ಬನಿಗೆ ಮಾತ್ರ!