ನಾನು ಅತ್ತರೆ ಜನ ನಗುತ್ತಾರೆ

ಮನುಷ್ಯ ಹುಟ್ಟಿದ ಕೂಡಲೇ ಮಾಡುವ ಮೊದಲ ಕೆಲಸ ಅಳುವುದು. ಅದನ್ನು ಯಾರೂ ಹೇಳಿಕೊಡುವುದಿಲ್ಲ, ಅದರಲ್ಲಿ ಯಾರೂ ತಪ್ಪು ಹುಡುಕುವುದೂ ಇಲ್ಲ. ದೊಡ್ಡವನಾದ ಮೇಲೂ ಅದನ್ನೇ ಹಿಡಿದುಕೊಂಡು ಹೊಟ್ಟೆ ಹೊರೆಯುವವರು ಕಡಿಮೆ. ನಾನು ಅಂಥವರಲ್ಲಿ ಒಬ್ಬ. ಮೊದಲು ಕನ್ನಡ ಧಾರಾವಾಹಿಯಲ್ಲಿ ಅಳುತ್ತಿದ್ದೆ, ಈಗ ಹಿಂದಿಯ ಹಾಸ್ಯ ಸಿನಿಮಾಗಳಲ್ಲಿ ಅಳುತ್ತೇನೆ. ಅಲ್ಲಿ ನಾನು ಅತ್ತರೆ ಜನ ಅಳುತ್ತಿದ್ದರು, ಇಲ್ಲಿ ನಗುತ್ತಾರೆ. ಅಳುವುದನ್ನು ನಾನೇನೂ ಬದಲಾಯಿಸಿಲ್ಲ. ಮೊದಲು ಕೆಳತುಟಿ ಅದುರುತ್ತದೆ, ಆಮೇಲೆ ಒಂದು ಬಿಕ್ಕಳಿಕೆ, ಅದರ ಹಿಂದೆಯೇ ಕುಕ್ಕರ್ ಕೂಗುವ ಮೊದಲು ಬರುತ್ತದಲ್ಲ, ಆ ತರಹದ ಒಂದು ಸಣ್ಣ ದನಿ.

ಬಳ್ಳಾರಿಯಲ್ಲಿ ಜೀನ್ಸ್ ಹೊಲಿಯುವ ಕಡೆ ನಾನು ಜೇಬು ಕೂಡಿಸುವ ಕೆಲಸಕ್ಕಿದ್ದೆ. ಹಿಂದಿನ ಜೇಬು ಮಾತ್ರ, ಮುಂದಿನದಕ್ಕೆ ಬೇರೆಯವರಿದ್ದರು. ಪಕ್ಕದ ಮಷಿನ್ನಿನ ಖಾದರ್ ಚಾಚಾ ಒಂದು ದಿನ ಹೊಲಿಗೆ ನಿಲ್ಲಿಸಿ ನನ್ನನ್ನೇ ನೋಡಿ, “ಏನಲೇ, ಮನ್ಯಾಗ ಯಾರರ ತೀರ್ಕೊಂಡಾರೇನು?” ಎಂದರು. ಯಾರೂ ತೀರಿಕೊಂಡಿರಲಿಲ್ಲ, ನನ್ನ ಮುಖವೇ ಹಾಗೆ. “ಹಂಗಾರ ಈ ಮಾರಿ ಜೇಬು ಹೊಲ್ಯಾಕ ಅಲ್ಲ, ಟೀವಿಗೆ ಹುಟ್ಟೈತಿ. ಹೋಗು” ಎಂದರು. ತಮಾಷೆಗೆ ಅಂದ ಮಾತನ್ನು ಗಂಟು ಕಟ್ಟಿಕೊಂಡು ಹೋಗುವ ಸ್ವಭಾವ ನನ್ನದು, ಹೋಗಿಯೇ ಬಿಟ್ಟೆ. ಬೆಂಗಳೂರಿನಲ್ಲಿ ಒಂದು ಧಾರಾವಾಹಿಯ ಕಿರಿಮಗನ ಪಾತ್ರ ಸಿಕ್ಕಿತು. ಅತ್ತಿಗೆ ಕಾಡುವುದು, ನಾನು ಅಳುವುದು. ವರ್ಷಗಟ್ಟಲೆ ಇಷ್ಟೇ ಕೆಲಸ.

ಕುರುಗೋಡಿನಲ್ಲಿ ಅಣ್ಣನ ಮನೆಯಲ್ಲಿದ್ದ ಅವ್ವ ಒಂದು ಸಂಚಿಕೆಯನ್ನೂ ಬಿಟ್ಟವಳಲ್ಲ. ಮುಗಿದ ಕೂಡಲೇ ಫೋನ್ ಮಾಡುತ್ತಿದ್ದಳು. “ತಮ್ಮಾ, ಆಕಿ ಕೊಟ್ಟ ಹಾಲು ಕುಡಿಬ್ಯಾಡಪಾ. ಅದರಾಗ ಏನೋ ಹಾಕ್ಯಾಳ, ನಾ ಕಣ್ಣಾರೆ ನೋಡೀನಿ.” ನನಗೆ ಆ ಸಂಗತಿ ಗೊತ್ತೇ ಇರಲಿಲ್ಲ, ಅದನ್ನು ನಾನಿಲ್ಲದ ದಿನ ಚಿತ್ರೀಕರಿಸಿದ್ದರು. ಮುಂದಿನ ಕಥೆ ತಿಳಿಯಲು ನಾನು ಎಷ್ಟೋ ಸಲ ಅವ್ವನನ್ನೇ ಕೇಳಿದ್ದುಂಟು. ಕೊನೆಗೊಂದು ದಿನ ಕಥೆ ಬರೆಯುವವರು ಕಿರಿಮಗನನ್ನು ದುಬೈಗೆ ಕಳಿಸಿದರು. ಧಾರಾವಾಹಿಯಲ್ಲಿ ದುಬೈಗೆ ಹೋದವರು ತಿರುಗಿ ಬರುವುದಿಲ್ಲ.

ಕೆಲಸವಿಲ್ಲದೆ ಅಲೆದು ಅಲೆದು ಕಡೆಗೆ ಮುಂಬೈ ಸೇರಿದೆ. ಅಲ್ಲೊಂದು ಹಿಂದಿ ಸಿನಿಮಾಕ್ಕೆ ದಕ್ಷಿಣದ ಅಡುಗೆಯವನ ಪಾತ್ರಕ್ಕೆ ಜನ ಹುಡುಕುತ್ತಿದ್ದರು. ನಿರ್ದೇಶಕರು ಅಳು ಎಂದರು. ಎಷ್ಟೋ ತಿಂಗಳಿಂದ ಒಳಗೆ ಕಟ್ಟಿಕೊಂಡಿದ್ದು ಒಮ್ಮೆಲೇ ಬಂತು. ತುಟಿ ಅದುರಿತು, ಬಿಕ್ಕಳಿಕೆ ಬಂತು, ಆ ದನಿಯೂ ಬಂತು. ಕೋಣೆಯಲ್ಲಿದ್ದವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ಪಾತ್ರ ಸಿಕ್ಕಿತು. ಅಂದಿನಿಂದ ಲಿಫ್ಟಿನಲ್ಲಿ ಸಿಕ್ಕಿಕೊಂಡು ಅತ್ತಿದ್ದೇನೆ, ಮದುವೆಮನೆಯಲ್ಲಿ ಲಾಡು ಸಿಗದೆ ಅತ್ತಿದ್ದೇನೆ, ಒಮ್ಮೆ ಕುದುರೆಯ ಕೊರಳು ತಬ್ಬಿಕೊಂಡು ಅತ್ತಿದ್ದೇನೆ. ಜನ ಆ ತುಣುಕುಗಳನ್ನು ಮೊಬೈಲಿನಲ್ಲಿ ಒಬ್ಬರಿಗೊಬ್ಬರು ಕಳಿಸಿಕೊಳ್ಳುತ್ತಾರೆ. ಕಂಡಕಂಡಲ್ಲಿ ನಿಲ್ಲಿಸಿ, “ಒಮ್ಮೆ ಅತ್ತು ತೋರಿಸಿ” ಎನ್ನುತ್ತಾರೆ. ಅನ್ನ ಕೊಟ್ಟ ಅಳು, ತೋರಿಸುತ್ತೇನೆ.

ಮೊದಲ ಸಿನಿಮಾವನ್ನು ಅವ್ವ ಬಳ್ಳಾರಿಯ ಟಾಕೀಸಿನಲ್ಲಿ, ಸಿರುಗುಪ್ಪಕ್ಕೆ ಕೊಟ್ಟ ಅಕ್ಕನ ಜೊತೆ ನೋಡಿದಳು. ಹಿಂದಿ ಬಾರದು. ಮಗ ಅಳುವುದು ಕಂಡಿತು, ಸುತ್ತಲಿನವರು ನಗುವುದು ಕೇಳಿಸಿತು. ಮುಂದಿನ ಸಾಲಿನವನ ಹೆಗಲು ತಟ್ಟಿ, “ಯಪ್ಪಾ, ಅಂವ ಅಳಾಕತ್ತಾನ, ನಿಮಗ ನಗಿ ಹೆಂಗ ಬರತೈತಿ?” ಎಂದು ಕೇಳಿದಳಂತೆ. ಆಮೇಲೆ ನನ್ನ ಸಿನಿಮಾ ನೋಡಲಿಲ್ಲ. ಫೋನಿನಲ್ಲಿ ಮಾತ್ರ, “ಊಟ ಮಾಡಿದಿ? ಅತ್ತಿ ಇವತ್ತು?” ಎಂದು ಎರಡನ್ನೂ ಒಟ್ಟಿಗೇ ಕೇಳುತ್ತಿದ್ದಳು.

ಈ ಬೇಸಿಗೆಯಲ್ಲಿ ಅವ್ವ ತೀರಿಕೊಂಡಳು. ಸುದ್ದಿ ಬಂದಾಗ ನಾನು ಸೆಟ್ಟಿನಲ್ಲಿದ್ದೆ. ಹೇಗೋ ಬಳ್ಳಾರಿ ಮುಟ್ಟಿ, ಅಲ್ಲಿಂದ ಕಾರು ಮಾಡಿಕೊಂಡು ಕುರುಗೋಡಿಗೆ ಹೋದೆ. ನನಗಾಗಿಯೇ ಮಣ್ಣು ಮಾಡುವುದನ್ನು ತಡೆದಿದ್ದರು. ನಮ್ಮ ಕಡೆ ಸಾವಿನ ಮನೆಗೆ ಪರವೂರಿಂದ ಬಂದವರ ಕೊರಳು ತಬ್ಬಿಕೊಂಡು ಹೆಂಗಸರು ಸತ್ತವರನ್ನು ಹಾಡಿ ಅಳುತ್ತಾರೆ. ಬಂದವನೂ ದನಿ ತೆಗೆದು ಅಳಬೇಕು, ಅಲ್ಲಿಯತನಕ ಅವನು ಬಂದಂತೆ ಲೆಕ್ಕವಿಲ್ಲ. ಅಂಗಳದ ತುಂಬ ಜನ. ಅಕ್ಕ ಓಡಿ ಬಂದು ಕೊರಳಿಗೆ ಬಿದ್ದಳು. “ಯವ್ವಾ, ನಿನ್ನ ಸಣ್ಣಮಗ ಬಂದಾನಬೇ, ಕಣ್ಣು ತೆರದು ನೋಡಬೇ, ಉಂಡಿಯೇನು ಅಂತ ಕೇಳಬೇ...” ಒಳಗೆ ಅವ್ವನನ್ನು ಗೋಡೆಗೆ ಒರಗಿಸಿ ಕೂಡಿಸಿದ್ದರು. ಹಣೆ ತುಂಬ ವಿಭೂತಿ. ನನ್ನ ತುಟಿ ಅದುರಿತು. ಬಿಕ್ಕಳಿಕೆ ಬಂತು. ಆ ದನಿ ಬಂತು.

ಹಿಂದುಗಡೆ ಯಾರೋ ಕಿಸಕ್ಕೆಂದರು. ಇನ್ನೊಬ್ಬರು ಅದನ್ನು ಕೆಮ್ಮಿನಲ್ಲಿ ಮುಚ್ಚಲು ಹೋದರು, ಕೆಮ್ಮೂ ನಗುವಾಯಿತು. ಹಿರಿಯರೊಬ್ಬರು ಟವೆಲ್ಲಿನಲ್ಲಿ ಮುಖ ಮುಚ್ಚಿಕೊಂಡರು, ಅವರ ಭುಜ ಕುಣಿಯುತ್ತಿತ್ತು. ಪಾಪ, ಅವರ ತಪ್ಪಲ್ಲ. ಆ ದನಿ ಕೇಳಿದರೆ ನಗಬೇಕೆಂದು ನಾನೇ ಕಲಿಸಿಕೊಟ್ಟವನು. ಆದರೆ ನನ್ನ ಅವ್ವನ ಹೆಣದ ಮುಂದೆ ನಗು ಏಳುವುದು ನನಗೆ ಬೇಡವಾಗಿತ್ತು. ಹಲ್ಲು ಕಚ್ಚಿ ಅಳು ನುಂಗಿದೆ. ಮಣ್ಣಾಗುವ ತನಕ ಕಲ್ಲಿನ ಹಾಗೆ ನಿಂತೆ.

ಸಂಜೆಯ ಹೊತ್ತಿಗೆ ಊರು ಇನ್ನೊಂದು ಮಾತು ಹಿಡಿದಿತ್ತು. “ಸಿನಿಮಾದಾಗ ಕುದುರಿಗೆ ಅಳ್ತಾನ. ಹಡದಾಕಿಗೆ ಒಂದು ಹನಿ ಇಲ್ಲ ನೋಡ್ರಿ.” ಬೇರೆಯವರು ಅಂದರೆ ಅನ್ನಲಿ, ಅಕ್ಕನೂ ಹಾಗೇ ತಿಳಿದಳು. ಹನ್ನೊಂದನೆಯ ದಿನದ ಕಾರ್ಯ ಮುಗಿಯುವ ತನಕ ನನ್ನ ಜೊತೆ ಮಾತಾಡಲಿಲ್ಲ. ಅಣ್ಣನಿಗೂ ನನಗೂ ಮೊದಲಿಂದಲೂ ಅಷ್ಟಕ್ಕಷ್ಟೇ, ಅವ್ವ ಹೋದ ಮೇಲೆ ಊರಕಡೆ ನನ್ನವಳೆಂದು ಉಳಿದವಳು ಅವಳೊಬ್ಬಳೇ. ಹಾಗೇ ಮುಂಬೈಗೆ ಹೋಗಲು ಮನಸ್ಸಾಗದೆ, ಕರೆಯದಿದ್ದರೂ ಅವಳ ಹಿಂದೆಯೇ ಸಿರುಗುಪ್ಪದ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಕಿಟಕಿಯಾಚೆಯ ಭತ್ತದ ಗದ್ದೆಗಳನ್ನೇ ನೋಡುತ್ತ ಕೂತಳು.

ಮಾವ ರೈಸ್ ಮಿಲ್ಲಿಗೆ ಹೋಗಿದ್ದರು, ಮನೆಯಲ್ಲಿ ನಾವಿಬ್ಬರೇ. ಅನ್ನ ಬಡಿಸಿ ಎದುರಿಗೆ ಕೂತು, ಕಡೆಗೂ ಕೇಳಿದಳು: “ಯಾಕಲೇ ಅಳಲಿಲ್ಲ ನೀನು?” ಎಲ್ಲ ಹೇಳಿದೆ. ತನ್ನ ದುಃಖದಲ್ಲಿ ಅವಳಿಗೆ ಆ ನಗು ಕೇಳಿಸಿಯೇ ಇರಲಿಲ್ಲ. “ಇಲ್ಲಿ ಯಾರದಾರ? ನಾನೊಬ್ಬಾಕಿ ಅದೀನಿ. ಅತ್ತುಬಿಡು ತಮ್ಮಾ” ಎಂದಳು. ಅಷ್ಟು ಸಾಕಾಯಿತು. ಕೈಯಲ್ಲಿದ್ದ ತುತ್ತು ತಟ್ಟೆಗೇ ಬಿತ್ತು. ಇಷ್ಟು ದಿನ ನುಂಗಿದ್ದೆಲ್ಲ, ತುಟಿ, ಬಿಕ್ಕಳಿಕೆ, ದನಿ ಸಮೇತ ಹೊರಗೆ ಬಂತು.

ಅಕ್ಕ ಸೆರಗು ಬಾಯಿಗೊತ್ತಿಕೊಂಡಳು. ಅಳುತ್ತಿದ್ದಾಳೆಂದುಕೊಂಡೆ. ನಗುತ್ತಿದ್ದಳು.

ನಾನು ತಟ್ಟನೆ ನಿಲ್ಲಿಸಿದೆ. ಅವಳು ಕೆನ್ನೆ ಕೆನ್ನೆ ಬಡಿದುಕೊಂಡಳು. “ನನ್ನ ಬಾಯಾಗ ಮಣ್ಣು ಬೀಳಲಿ. ಬೇಕಂತ ನಕ್ಕಿದ್ದಲ್ಲೋ. ಇನ್ನೊಮ್ಮಿ ಅಳು, ಅವ್ವನಾಣಿ ನಗಂಗಿಲ್ಲ.” ಅವಳ ಕಣ್ಣಲ್ಲಿ ಎಂಥ ಸಂಕಟವಿತ್ತೆಂದರೆ ಇಲ್ಲ ಎನ್ನಲಾಗಲಿಲ್ಲ. ಆದರೆ ಒಳಗೆ ತಡಕಾಡಿದರೆ ಅಳು ಇಲ್ಲ. ಹೆದರಿದ ಬೆಕ್ಕಿನ ಹಾಗೆ ಎಲ್ಲೋ ಮೂಲೆ ಸೇರಿತ್ತು. ಎದ್ದು ಹೋಗಿ ಕಂಬಕ್ಕೆ ಒರಗಿದೆ. ಧಾರಾವಾಹಿಯಲ್ಲಿ ನನ್ನ ಅಣ್ಣನಾಗಿದ್ದ ನಟ ಅಳುತ್ತಿದ್ದ ರೀತಿ ನೆನಪಾಯಿತು. ಮುಖ ಅರ್ಧ ಆಚೆಗೆ, ತುಟಿ ಬಿಗಿ, ದನಿ ಇಲ್ಲ, ಭುಜವಷ್ಟೇ ಅಲುಗಬೇಕು. ಹಾಗೇ ಮಾಡಿದೆ. ಎರಡು ಹನಿ ಸಹ ತರಿಸಿದೆ, ಅದು ನನ್ನ ಕಸುಬು.

ಅಕ್ಕ ಬಂದು ತಬ್ಬಿಕೊಂಡು ಹೋ ಎಂದು ಅತ್ತಳು. “ಈಗ ನೋಡು, ಅವ್ವನ ಮಗ ಆದಿ” ಎಂದಳು. ಸಂಜೆ ಮಾವನಿಗೂ, ಫೋನಿನಲ್ಲಿ ಕುರುಗೋಡಿನವರಿಗೂ, “ಭಾಳ ಅತ್ತ ರೀ, ನೋಡಾಕ ಆಗಲಿಲ್ಲ” ಎಂದು ಹೇಳಿದಳು. ಊರ ಬಾಯಿ ಮುಚ್ಚಿತು. ನನ್ನ ಅಕ್ಕ ನನಗೆ ತಿರುಗಿ ಸಿಕ್ಕಿದಳು. ಅಷ್ಟಾದರೂ ಆಯಿತಲ್ಲ ಎಂದು ಸಮಾಧಾನ ಮಾಡಿಕೊಳ್ಳುತ್ತೇನೆ. ಆದರೆ ಕಂಬಕ್ಕೆ ಒರಗುವ ಮೊದಲು, ಕಿಟಕಿಯ ಬೆಳಕು ಮುಖದ ಯಾವ ಮಗ್ಗುಲಿಗೆ ಬೀಳುತ್ತದೆಂದು ನಾನು ನೋಡಿಕೊಂಡಿದ್ದೆ.